ಒಂದೇ ಹುದ್ದೆಗೆ ಇಬ್ಬರು ಗಣಿತ ಶಿಕ್ಷಕರು

ಕಾಳಗಿ ಹೊಸದಾಗಿ ತಾಲೂಕಾದ ವರ್ಷ. ಸುಲೇಪೇಟದಿಂದ ಕಾಳಗಿಗೆ ಹೋಗುವ ದಾರಿಯಲ್ಲಿನ ಒಂದು ಅನುದಾನಿತ ಪ್ರೌಢಶಾಲೆಯಲ್ಲಿ ನಾನು ಜವಾನನಾಗಿದ್ದೆ. ಓದಿದ್ದು ಏಳನೆಯ ತರಗತಿ ತನಕ. ಆದರೆ ಗಂಟೆ ಹೊಡೆಯುವುದರಿಂದ ಹಿಡಿದು ಕೋರ್ಟಿಗೆ ಕಾಗದ ಮುಟ್ಟಿಸುವವರೆಗೆ ಆ ಶಾಲೆಯ ಯಾವ ಕೆಲಸವೂ ನನ್ನಿಂದ ನಿಂತದ್ದಿಲ್ಲ. ಇದನ್ನು ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ.

ಅನುದಾನಿತ ಶಾಲೆಯಲ್ಲಿ ಶಿಕ್ಷಕರನ್ನು ಆರಿಸುವುದು ಆಡಳಿತ ಮಂಡಳಿ, ಪಗಾರ ಕೊಡುವುದು ಸರ್ಕಾರ. ನಡುವೆ ಇಲಾಖೆಯ ಅನುಮೋದನೆ ಬೇಕು. ನಾವೆಲ್ಲ ಅದಕ್ಕೆ ಅಪ್ರೂವಲ್ ಅನ್ನುತ್ತೇವೆ. ಅದು ಬರುವ ತನಕ ಮಾಸ್ತರರು ಮಕ್ಕಳಿಗಷ್ಟೇ ಮಾಸ್ತರರು, ಸರ್ಕಾರಕ್ಕೆ ಯಾರೂ ಅಲ್ಲ.

ನಮ್ಮಲ್ಲಿ ಗಣಿತದ ಒಂದು ಹುದ್ದೆ ಖಾಲಿಯಾದಾಗ ಮಂಡಳಿ ಎರಡು ಹೋಳಾಗಿತ್ತು. ಹಳೆಯ ಅಧ್ಯಕ್ಷರು ಚಿಂಚೋಳಿಯ ಶಿವಲೀಲಾ ಅಕ್ಕೋರನ್ನು ನೇಮಿಸಿದರು. ನಾವೇ ಖರೇ ಮಂಡಳಿ ಎಂದ ಇನ್ನೊಂದು ಬಣ ವಾಡಿಯ ಗೌತಮ ಸರ್ ಅವರನ್ನು ಕರೆತಂದಿತು. ಇಲಾಖೆ ಇಬ್ಬರನ್ನೂ ಒಪ್ಪಲಿಲ್ಲ. ಇಬ್ಬರೂ ಕಲಬುರಗಿಯ ಹೈಕೋರ್ಟ್ ಪೀಠಕ್ಕೆ ಹೋದರು, ಆದರೆ ಶಾಲೆ ಬಿಡಲಿಲ್ಲ. ಬಿಟ್ಟರೆ ಹಕ್ಕು ಬಿಟ್ಟಂತೆ ಎಂದು ಇಬ್ಬರ ವಕೀಲರೂ ಹೇಳಿದ್ದರಂತೆ.

ಮೊದಮೊದಲು ಮಾತು ಬಿಟ್ಟಿದ್ದರು. ಆಮೇಲೆ ತಾವೇ ಕುಳಿತು ಹತ್ತನೆಯ ತರಗತಿಯನ್ನು ಹಂಚಿಕೊಂಡರು: ಬೀಜಗಣಿತ ಸರ್‌ಗೆ, ರೇಖಾಗಣಿತ ಮತ್ತು ತ್ರಿಕೋನಮಿತಿ ಅಕ್ಕೋರಿಗೆ. ಕೋರ್ಟಿನ ತಾರೀಖಿಗೂ ಒಂದೇ ಬಸ್ಸು. ಶಾಲೆಯ ಕಾಗದ ಹೊತ್ತು ನಾನೂ ಇರುತ್ತಿದ್ದೆ. ಒಮ್ಮೆ ಅಕ್ಕೋರು ರೊಟ್ಟಿಯ ಗಂಟು ಬಿಚ್ಚಿ ಸರ್ ಮುಂದೆ ಹಿಡಿದರು.

“ತಗೋರಿ, ಪ್ರತಿವಾದಿ ಸರ್. ಹಸಿದು ನಿಂತ್ರ ಜಡ್ಜ್ ಸಾಹೇಬ್ರಿಗೆ ನಿಮ್ಮ ಮ್ಯಾಲ ಕರುಣಾ ಬಂದುಬಿಡ್ತದ.”

“ಪುಂಡಿಪಲ್ಯ ಜಾಸ್ತಿ ಹಾಕ್ರಿ ಅಕ್ಕೋರೆ, ಕೇಸ್ ವಾಪಸ್ ತಗೊಳ್ಳಾದು ವಿಚಾರ ಮಾಡ್ತೀನಿ” ಎಂದರು ಸರ್.

ನಾನೂ ನಕ್ಕೆ. ಆದರೆ ನನ್ನ ಹುದ್ದೆಗೆ ಅಪ್ರೂವಲ್ ಆಗಿ ಬಹಳ ಕಾಲವಾಗಿತ್ತು. ಪಗಾರ ಬಂದ ದಿನ ಅವರಿಬ್ಬರ ಮುಂದೆ ಚಹಾ ಇಡುವಾಗ ನಾನು ತಲೆ ಎತ್ತುತ್ತಿರಲಿಲ್ಲ.

ಎಲ್ಲರನ್ನೂ ಕೇಳಿ ತೀರ್ಮಾನಿಸಿ ಎಂದು ಕೋರ್ಟು ಪ್ರಕರಣವನ್ನು ಇಲಾಖೆಗೇ ಮರಳಿಸಿತು. ಇಲಾಖೆಯ ಆದೇಶ ಬಂದದ್ದು ಚಳಿಗಾಲದಲ್ಲಿ. ಹುದ್ದೆ ತುಂಬಲು ಇಲಾಖೆಯ ಪೂರ್ವಾನುಮತಿ ಸಿಗುವ ಮೊದಲೇ ಅಕ್ಕೋರ ಸಂದರ್ಶನ ನಡೆದಿತ್ತು. ಸರ್ ಅವರದು ಆನಂತರ. ಹಾಗಾಗಿ ಅಪ್ರೂವಲ್ ಗೌತಮ ಸರ್‌ಗೆ. ಅಷ್ಟರಲ್ಲಿ ಅಕ್ಕೋರ ವಯೋಮಿತಿ ದಾಟಿ, ಬೇರೆ ಹುದ್ದೆಗೆ ಅರ್ಜಿ ಹಾಕುವ ದಾರಿಯೂ ಮುಚ್ಚಿತ್ತು.

ಮರುದಿನ ಹೆಡ್‌ಮಾಸ್ತರರು ನನ್ನನ್ನು ಕರೆದು, “ಅಕ್ಕೋರಿಗೆ ಗೇಟಿಗೇ ನಿಲ್ಸು. ಕ್ಲಾಸಿನಾಗ ಹೊಕ್ಕರಂದ್ರ ಮತ್ತ ಕೇಸ್ ಬೆಳೀತದ” ಎಂದರು. ಅತ್ತ ಹಳೆಯ ಅಧ್ಯಕ್ಷರು ಅಕ್ಕೋರಿಗೆ, ದಿನಾ ಹೋಗಿ ಪಾಠ ಮಾಡುತ್ತಲೇ ಇರಿ, ಅಪೀಲಿಗೆ ಅದೇ ಆಧಾರ ಎಂದಿದ್ದರು. ಅಕ್ಕೋರು ಗಂಟೆಗೆ ಮೊದಲೇ ಬಂದರು.

“ಕಾಕಾ, ತಡೀಬೇಕಂತ ಹೇಳ್ಯಾರೇನು?”

“ಹೇಳ್ಯಾರ್ರಿ. ನನ್ನ ಕೈ ಏಳವಲ್ದು.”

ಗೇಟು ತೆರೆದೆ. ಗೌತಮ ಸರ್ ವರಾಂಡದಿಂದ ಇಳಿದು ಬಂದು ಚಾಕ್‌ಪೀಸ್ ಮುಂದೆ ಹಿಡಿದರು. “ತ್ರಿಕೋನಮಿತಿ ಅರ್ಧಾ ಉಳದದ ಅಕ್ಕೋರೆ. ಪರೀಕ್ಷಾ ತನಕ ನೀವೇ ತಗೋರಿ.”

ಅಕ್ಕೋರು ಕೈ ಚಾಚಲಿಲ್ಲ. “ನಾ ಕ್ಲಾಸಿನಾಗ ಕಾಲಿಟ್ರ ನಿಮ್ಮ ಆರ್ಡರ್ ಮತ್ತ ಕೋರ್ಟಿಗೆ ಹೋಗ್ತದ. ಇಬ್ಬರಾಗ ಒಬ್ಬರರ ಉಳೀಲಿ, ಸರ್.”

ಎತ್ತರ ಮತ್ತು ದೂರದ ಲೆಕ್ಕ ಎಲ್ಲಿಗೆ ನಿಂತಿದೆ, ಯಾವ ಹುಡುಗಿಗೆ ಚಿತ್ರ ಬರೆದೇ ತಿಳಿಸಬೇಕು, ಎಲ್ಲವನ್ನೂ ಅಂಗಳದಲ್ಲೇ ನಿಂತು ಹೇಳಿ ಹೊರಟರು. ಅಪೀಲು ಆಗಲಿಲ್ಲ.

ಆದೇಶದಲ್ಲಿ ತಪ್ಪು ಹುಡುಕುವಷ್ಟು ನಾನು ಓದಿಲ್ಲ. ನಿಯಮದ ಪ್ರಕಾರ ಅದು ಸರಿಯೇ ಇರಬೇಕು. ಆದರೆ ಹಟ ಮಾಡಿದ್ದು ಎರಡು ಬಣ, ಕಳೆದುಕೊಂಡದ್ದು ಒಬ್ಬ ಹೆಣ್ಣುಮಗಳು. ಅಂದಿನಿಂದ ಶಾಲೆಗೆ ಹೊಸಬರು ಬಂದರೆ ನೀರು ಕೊಟ್ಟು ನಾನು ಮೊದಲು ಕೇಳುವುದು ಇದನ್ನೇ: “ಇಂಟರ್‌ವ್ಯೂಕ್ಕಿಂತ ಮೊದ್ಲು ಪರ್ಮಿಷನ್ ಬಂದಿತ್ತೇನ್ರಿ?” ಜವಾನನಿಗೇಕೆ ಈ ಉಸಾಬರಿ ಎಂದು ನಕ್ಕವರಿದ್ದಾರೆ. ನಗಲಿ. ಮಕ್ಕಳು ‘ನಮ್ಮ ಟೀಚರ್’ ಅನ್ನಲು ಶುರುಮಾಡಿದ ಮೇಲೆ ಆ ಪ್ರಶ್ನೆ ಕೇಳಿ ಉಪಯೋಗವಿಲ್ಲ.