ವಿಷ್ಣುಮೂರ್ತಿ ಕೋರ್ಟಿನಲ್ಲಿ ಹೇಳಿದ ಮಾತು

ವಿಷ್ಣುಮೂರ್ತಿ ನಮ್ಮ ಡೊಂಬಿವಲಿಯ ಹೋಟೆಲಿಗೆ ಬಂದದ್ದು ಮೀಸೆ ಮೂಡುವ ಮೊದಲು. ಲೋಟ ತೊಳೆದ, ಕಾಯಿ ತುರಿದ, ಕೊನೆಗೆ ದೋಸೆ ಕಾವಲಿಯ ಮುಂದೆ ನಿಂತ. ನಿಂತವನು ಅಲ್ಲೇ ಉಳಿದ. ನನ್ನ ಗಂಡನನ್ನು ಅಣ್ಣ ಎಂದ, ನನ್ನನ್ನು ಅತ್ತಿಗೆ ಎಂದ. ಮದುವೆಯಾಗಿ ದಿವಾದಲ್ಲಿ ಮನೆ ಮಾಡಿದ ಮೇಲೂ ಬೆಳಗಿನ ಲೋಕಲ್ ರೈಲು ಹಿಡಿದು ಬಂದು ಹೋಟೆಲಿನ ಹಿಂಬಾಗಿಲು ತೆಗೆಯುವವನು ಅವನೇ.

ಸಂಬಳದ ಚೀಟಿ ಎಂಬುದು ನಮ್ಮಲ್ಲಿ ಇರಲಿಲ್ಲ. ಬೇಕಾದಾಗ ಗಲ್ಲಾದಿಂದ ಕೇಳಿ ತೆಗೆದುಕೊಳ್ಳುತ್ತಿದ್ದ, ಉಳಿದದ್ದು ನಮ್ಮವರ ಹತ್ತಿರ ಇರುತ್ತಿತ್ತು. ಉಡುಪಿ ಕಡೆಯವರ ಹೋಟೆಲುಗಳಲ್ಲಿ ಹಿಂದೆಲ್ಲ ಹಾಗೆಯೇ. ಲೋಟ ತೊಳೆಯುವವನೂ ‘ನಮ್ಮ ಹೋಟೆಲು’ ಎಂದೇ ಹೇಳುವುದು.

ನಮ್ಮವರು ತೀರಿಕೊಂಡ ಮರುವರ್ಷ, ಕಲ್ಯಾಣದ ಮಾರ್ಕೆಟಿನಿಂದ ತರಕಾರಿ ತರುವಾಗ ವಿಷ್ಣುಮೂರ್ತಿ ಕೂತಿದ್ದ ರಿಕ್ಷಾಕ್ಕೆ ಟೆಂಪೋ ಗುದ್ದಿತು. ಬಲ ಮೊಣಕೈ ಪುಡಿಯಾಯಿತು. ರಾಡು ಹಾಕಿದರು, ಕೈ ಉಳಿಯಿತು, ಆದರೆ ಮಡಚಲು ಬರಲಿಲ್ಲ. ಮಡಚದ ಕೈಯಲ್ಲಿ ದೋಸೆ ಹುಯ್ಯಲಾಗುವುದಿಲ್ಲ.

ಪರಿಹಾರಕ್ಕೆ ಕೇಸು ಹಾಕಿದ. ವಿಮೆಯವರ ವಕೀಲರು ಹಿಂದಿಯಲ್ಲಿ, ಆ ಹೋಟೆಲು ಯಾರದು ಎಂದು ಕೇಳಿದರಂತೆ. ಇವನು “ಅಪ್ನಾ ಹೀ ಹೈ, ಸಾಹೇಬ್”, ನಮ್ಮದೇ, ಎಂದ. ತೀರ್ಪಿನಲ್ಲಿ ಅದೇ ಬಂತು: ಗಾಯಗೊಂಡವನು ಹೋಟೆಲಿನ ಮಾಲೀಕ, ಹೋಟೆಲು ಈಗಲೂ ನಡೆಯುತ್ತಿದೆ, ಹಾಗಾಗಿ ದುಡಿಮೆಗೆ ನಷ್ಟವಿಲ್ಲ. ಆಸ್ಪತ್ರೆಯ ಖರ್ಚು ಮಾತ್ರ ಸಿಕ್ಕಿತು.

“ಹಾಗೆ ಯಾಕೆ ಹೇಳಿದ್ದು ಮಾರಾಯ?” ಎಂದು ಕೇಳಿದೆ.

“ಮತ್ತೆ ಯಾರದ್ದು ಅಂತ ಹೇಳುವುದು ಅತ್ತಿಗೆ?” ಎಂದ.

ಸಪ್ಲೈಯರ್ ಧರ್ಮಪಾಲ ಅವನನ್ನು ಕಂಡಾಗಲೆಲ್ಲ, “ಶೇಟ್ರೇ, ನಮ್ಮ ಪಗಾರ ಸ್ವಲ್ಪ ಏರಿಸಿ” ಎಂದು ಛೇಡಿಸುತ್ತಿದ್ದ. “ಮೊದಲು ಗಿರಾಕಿಗೆ ನೀರು ಇಡು, ಮತ್ತೆ ನೋಡುವ” ಎಂದು ಇವನೂ ನಗುತ್ತಿದ್ದ. ಆದರೆ ದಿವಾದಲ್ಲಿ ಅವನ ಹೆಂಡತಿ ನಾಲ್ಕು ಮನೆಯ ಚಪಾತಿ ಲಟ್ಟಿಸಲು ಹೋಗತೊಡಗಿದ್ದಳು. ನಾನು ಕೊಡಲು ಹೋದರೆ, ಕೆಲಸ ಮಾಡದೆ ಹೇಗೆ ತೆಗೆದುಕೊಳ್ಳಲಿ ಎಂದು ಬೇಡವೆನ್ನುತ್ತಿದ್ದ. ಮೇಲಿನ ಕೋರ್ಟು ಆ ತೀರ್ಪನ್ನು ತಿದ್ದದಿದ್ದರೆ ಅವನಿಗೆ ಬೇರೆ ದಾರಿ ಇರಲಿಲ್ಲ.

ಅಪೀಲಿಗೆ ಸೀವುಡ್ಸ್‌ನ ವಕೀಲೆ ಶ್ರೀವಾಣಿ ಸಿಕ್ಕಳು, ನಮ್ಮ ಊರ ಕಡೆಯವರ ಹುಡುಗಿ, ಇಲ್ಲೇ ಹುಟ್ಟಿ ಬೆಳೆದವಳು. ಇವನು ಹೋಟೆಲಿನಲ್ಲಿ ಏನಾಗಿದ್ದ ಎಂದು ಮಾಲೀಕರೇ ಕೋರ್ಟಿಗೆ ಬರೆದುಕೊಡಬೇಕು ಎಂದಳು. ಲೈಸೆನ್ಸು ಈಗ ನನ್ನ ಹೆಸರಿನಲ್ಲಿದೆ. ಅವಳೇ ಬರೆದು ಓದಿ ಹೇಳಿದಳು: ಇವನು ಪಗಾರದ ನೌಕರ, ಹೋಟೆಲಿನಲ್ಲಿ ಪಾಲಿಲ್ಲ, ಹಕ್ಕಿಲ್ಲ, ನೌಕರಿ ಬಿಟ್ಟರೆ ನಮ್ಮ ಕುಟುಂಬಕ್ಕೂ ಅವನಿಗೂ ಬೇರೆ ಸಂಬಂಧವಿಲ್ಲ.

ಕೊನೆಯ ಸಾಲು ತೆಗೆ ಎಂದೆ.

“ಆಂಟಿ, ಸಂಬಂಧ ಇದೆ ಅಂದ್ರೆ ವಿಮೆಯವ್ರು ಪಾರ್ಟ್‌ನರ್ ಅಂತಾರೆ. ಫಿರ್ ವಹೀ ಬಾತ್, ಮತ್ತೆ ಅದೇ ತೀರ್ಪು” ಎಂದಳು ಶ್ರೀವಾಣಿ.

ವಿಷ್ಣುಮೂರ್ತಿ ಪಕ್ಕದ ಕುರ್ಚಿಯಲ್ಲೇ ಇದ್ದ. “ಸೈನ್ ಹಾಕಿ ಅತ್ತಿಗೆ. ಸುಳ್ಳು ಎಂತ ಉಂಟು ಅದರಲ್ಲಿ?” ಎಂದ.

ನನ್ನ ಸಹಿ ನಿಧಾನ, ಅಕ್ಷರ ಕೂಡಿಸಿ ಕೂಡಿಸಿ ಬರೆಯಬೇಕು. ಅಷ್ಟು ಹೊತ್ತೂ ಅವನು ಪೆನ್ನಿನ ತುದಿಯನ್ನೇ ನೋಡುತ್ತಿದ್ದ.

ಮೇಲಿನ ಕೋರ್ಟು ನನ್ನ ಮಾತನ್ನು ನಂಬಿತು. ಬಲಗೈಯೇ ಇವನ ದುಡಿಮೆ, ಅದು ಹೋಗಿದೆ ಎಂದು ಪರಿಹಾರ ಹೆಚ್ಚಿಸಿತು. ಹೆಂಡತಿ ಮನೆಮನೆ ಅಲೆಯುವುದು ನಿಂತಿತು. ಸಹಿ ಹಾಕಿದ್ದು ತಪ್ಪು ಎಂದು ನನಗೆ ಈಗಲೂ ಅನಿಸುವುದಿಲ್ಲ.

ಸುದ್ದಿ ಹೇಳಲು ಪೇಡೆ ಹಿಡಿದು ಬಂದ. ಬಂದದ್ದು ಮುಂಬಾಗಿಲಿನಿಂದ. ನನ್ನ ಮಗ ಅಭಿಜಿತ್ ಒಳಗೆ ಕರೆದರೆ, ಅಡುಗೆಮನೆಯಲ್ಲಿ ಅಡ್ಡವಾಗುವುದು ಬೇಡ ಎಂದು ಗಿರಾಕಿಗಳ ಮೇಜಿನಲ್ಲಿ ಕುಳಿತ. ಕಾಫಿ ಕುಡಿದು ಲೋಟ ಅಲ್ಲೇ ಬಿಟ್ಟು ಎದ್ದ.

ಮೊನ್ನೆ ದೀಪಾವಳಿಗೆ ಫೋನು ಮಾಡಿದ. “ಅತ್ತಿಗೆ, ನಿಮ್ಮ ಹೋಟೆಲಿನ ಪೂಜೆಗೆ ನಾನು ಬರಬಹುದಾ?”

ಪ್ರತಿ ವರ್ಷ ಕಾವಲಿಗೆ ಕುಂಕುಮ ಇಡುತ್ತಿದ್ದವನು ಅವನೇ. ಇದೆಂಥ ಕೇಳುವುದು ವಿಷ್ಣು, ಎಂದೆ.

“ಕೇಳಿ ಬರುವುದು ಒಳ್ಳೆಯದಲ್ವಾ” ಎಂದ. ದನಿಯಲ್ಲಿ ಮುನಿಸೇನೂ ಇರಲಿಲ್ಲ. ಇದ್ದಿದ್ದರೆ ಸಮಾಧಾನ ಮಾಡಬಹುದಿತ್ತು.