ಕೆಂಪು ಗಾಜಿನ ದೀಪ

ಜರ್ಮನಿಯ ಬಾನ್ ಊರಿನಲ್ಲಿ ನಮ್ಮದು ಎರಡೇ ಕೋಣೆಯ ಮನೆ. ಅಮೆರಿಕ ಇನ್ನೂ ಇಂಗ್ಲಿಷರ ಕೈಯಲ್ಲಿದ್ದ ಕಾಲದ, ಹೆಂಡತಿ ಮಕ್ಕಳಿದ್ದ ಒಬ್ಬ ಪಾದ್ರಿಯ ಬರಹಗಳ ಮೇಲೆ ಯಜಮಾನರು ಅಲ್ಲಿ ಡಾಕ್ಟರೇಟ್ ಮಾಡುತ್ತಿದ್ದರು. ನಾನು ಚಪಾತಿ ಲಟ್ಟಿಸುವಾಗ ಪಕ್ಕದಲ್ಲಿ ಕೂತು ಓದಿ ಅರ್ಥ ಹೇಳುವುದು ಅವರ ರೂಢಿ. ಒಂದು ಸಂಜೆ ಹೇಳಿದರು, ಹುಟ್ಟಿದ ಕೂಸೂ ಪಾಪ ಹೊತ್ತೇ ಬರುತ್ತದಂತೆ, ದೇವರ ಸಿಟ್ಟು ಅದರ ಮೇಲೂ ಇರುತ್ತದಂತೆ. ನನ್ನ ಕೈ ನಿಂತಿತು.

ಅಲ್ಲಿಗೆ ಹೋಗುವ ಮೊದಲು ಧಾರವಾಡದಲ್ಲಿ ನಮ್ಮ ಹೆಣ್ಣುಕೂಸು ತೀರಿಕೊಂಡಿತ್ತು. ಹೆಸರು ಇನ್ನೂ ಇಟ್ಟಿರಲಿಲ್ಲ. ಹಾಲುಗೂಸನ್ನು ಸುಡುವುದಿಲ್ಲ, ಹೂಳುತ್ತಾರೆ. ಗಂಡಸರು ಎತ್ತಿಕೊಂಡು ಹೋದರು. ತಿಥಿಯಿಲ್ಲ, ಪಿಂಡವಿಲ್ಲ. ಎಲ್ಲಿ ಎಂದು ನಾನು ಕೇಳಲಿಲ್ಲ, ಯಾರೂ ಹೇಳಲಿಲ್ಲ. ನಮ್ಮ ದೇವರು ಹಾಗಲ್ಲ ಎಂದು ಗೊತ್ತಿದ್ದರೂ ಪಾದ್ರಿಯ ಮಾತು ಮನೆಯೊಳಗೇ ಉಳಿದುಬಿಟ್ಟಿತು. ಹೀಟರಿನ ಕೊಳವೆಯಲ್ಲಿ ನೀರು ಸದ್ದು ಮಾಡಿದರೆ ಕೂಸು ಮುಲುಗಿದಂತಾಗಿ, ಹೋಗಿ ಕಿವಿಯಿಟ್ಟು ನಿಲ್ಲುತ್ತಿದ್ದೆ.

ನವೆಂಬರಿನಲ್ಲಿ ಅಂಗಡಿಗೆ ಮುಚ್ಚಳವಿರುವ ಕೆಂಪು ಗಾಜಿನ ದೀಪಗಳು ಬಂದವು. ಗಾಳಿಗೆ ಆರುವುದಿಲ್ಲ, ಅಷ್ಟೇ ಸಾಕು ಎಂದುಕೊಂಡು ಒಂದನ್ನು ತಂದು ದೇವರ ಮುಂದೆ ಹಚ್ಚಿದೆ. ಕೇಕ್ ಕೊಡಲು ಬಂದ ಮನೆಯೊಡತಿ ಅಜ್ಜಿ ಬಾಗಿಲಲ್ಲೇ ನಿಂತರು.

"ಅಯ್ಯೋ ಮಗಳೇ, ಇದು ಗ್ರಾಬ್‌ಲಿಖ್ಟ್! ಸಮಾಧಿ ಮೇಲೆ ಇಡೋದು. ನಿಮ್ಮ ಮನೇಲಿ ಯಾರು ಸತ್ತಿದ್ದಾರೆ?"

"ನನ್ನ ಮಗು," ಅಂದೆ, ಅರೆಬರೆ ಜರ್ಮನ್‌ನಲ್ಲಿ. ಕನ್ನಡದಲ್ಲಿ ಆ ಮಾತನ್ನು ಯಾರಿಗೂ ಹೇಳಿರಲಿಲ್ಲ.

ಅಜ್ಜಿ ಕೇಕ್ ಕೆಳಗಿಟ್ಟರು. "ಹಾಗಾದರೆ ಇರಲಿ. ಆರಿಸಬೇಡ."

ಸಂಜೆ ಯಜಮಾನರು ಬಂದು ಗದರಿದರು. "ಏ ಹುಚ್ಚಿ, ಗೋರಿ ದೀಪಾ ತಂದು ದೇವರ ಮುಂದ ಇಟ್ಟೀಯಲ್ಲ!"

"ಗೊತ್ತದರೀ. ನಿಮ್ಮ ಪಾದ್ರೀದು ಕೂಸು ಹೋಗಿದ್ದಿಲ್ಲೇನು?"

ಅವರು ಟೋಪಿ ತೆಗೆದರು. "ಹೋಗಿದ್ವು. ಒಂದಲ್ಲ, ಭಾಳ."

"ಆವಾಗೂ ದೇವರ ಸಿಟ್ಟು ಅಂತ ಬರದಾನೇನು?"

ಕೋಟನ್ನೂ ಬಿಚ್ಚದೆ ಪುಸ್ತಕ ತಿರುವುತ್ತ ಕೂತರು. ಚಹಾ ಆರಿತು.

"ಇಲ್ಲ. ಇಲ್ಲಿ ಸಿಟ್ಟಿನ ಮಾತs ಇಲ್ಲ. ತನ್ನ ಕೂಸು ದೇವರ ಕಡೆ ಅದ ಅಂತಾನ." ಪುಸ್ತಕ ಮುಚ್ಚಿದರು. ನನ್ನ ಕಡೆ ನೋಡದೆ ಹೇಳಿದರು. "ಕೆರಿ ದಂಡಿಗೆ ಹುಣಸಿ ಗಿಡ ಅದ ನೋಡು, ಅದರ ಬುಡಕ್ಕ. ನಾನs ಮಣ್ಣು ಹಾಕಿದೆ. ಮೆತ್ತಗಿತ್ತು ಮಣ್ಣು."

ಧಾರವಾಡದಲ್ಲಿದ್ದಾಗ ಆ ಕೆರೆಯ ದಾರಿಯಲ್ಲೇ ನಾನು ದಿನಾ ಗುಡಿಗೆ ಹೋಗುತ್ತಿದ್ದೆ.

ಮರುದಿನ ಇನ್ನೊಂದು ದೀಪ ತಂದೆ, ಪಾದ್ರಿಯ ಕೂಸುಗಳಿಗೆ ಇರಲಿ ಎಂದು. ಯಜಮಾನರು ತಾವೇ ಕಡ್ಡಿ ಗೀರಿದರು. ಕೊಳವೆ ಆಮೇಲೂ ಮುಲುಗುತ್ತಿತ್ತು. ಆದರೆ ಆ ಸದ್ದು ಈಗ ಹುಣಸೆಗಿಡದ ಕಡೆಯಿಂದ ಬರುತ್ತಿತ್ತು.