ತಾಯಣ್ಣನ ಕೈ ಮಂದವಾದದ್ದು

ರಾಯಚೂರಿನ ಹತ್ತಿ ವ್ಯಾಪಾರದಲ್ಲಿ ತಾಯಣ್ಣನಿಗೆ ಒಂದು ಹೆಸರಿತ್ತು. ಅದು ಓದಿನಿಂದ ಬಂದದ್ದಲ್ಲ. ಓದಿದ್ದು ನಾಲ್ಕನೇ ಇಯತ್ತೆ, ಅದೂ ಕುಂಟುತ್ತ. ಮಾತಿನಿಂದ ಬಂದದ್ದಂತೂ ಅಲ್ಲವೇ ಅಲ್ಲ. ಮನುಷ್ಯ ಬಾಯಿ ಬಿಟ್ಟರೆ ಎದುರಿನವನಿಗೆ ಸಿಟ್ಟೇ ಬರಬೇಕು. ಹೆಸರು ಬಂದದ್ದು ಅವನ ಎರಡು ಹೆಬ್ಬೆರಳುಗಳಿಂದ.

ಜಂಬಣ್ಣ ಸಾಹುಕಾರರದು ಹತ್ತಿಯ ಕಾಳು ಬಿಡಿಸುವ ಜಿನ್ನಿಂಗ್ ಫ್ಯಾಕ್ಟರಿ. ಅಲ್ಲಿಗೆ ಹತ್ತಿಯ ಟೆಂಪೋ ಬಂದು ನಿಂತರೆ ತಾಯಣ್ಣ ಅದರ ಮೇಲೇರಿ, ರಾಶಿಯ ಹೊಟ್ಟೆಯೊಳಗೆ ಮೊಳಕೈವರೆಗೆ ಕೈ ತೂರಿಸಿ, ಒಂದು ಚಿಟಿಕೆ ಹತ್ತಿ ತೆಗೆಯುತ್ತಿದ್ದ. ಕಾಳು ಬಿಡಿಸಿ, ಹೆಬ್ಬೆರಳುಗಳ ನಡುವೆ ಹಿಡಿದು ಎಳೆಯುವುದು, ಮಡಿಚುವುದು, ಮತ್ತೆ ಎಳೆಯುವುದು. ಹೀಗೆ ಎಳೆದೂ ಎಳೆದೂ ಹತ್ತಿಯ ಎಳೆಗಳೆಲ್ಲ ಒಂದೇ ಸಾಲಿಗೆ ಬಂದಾಗ ಅವನ್ನು ಮುಂಗೈಗೆ ಸುತ್ತಿಕೊಂಡ ಕರಿ ಬಟ್ಟೆಯ ಮೇಲೆ ಮಲಗಿಸಿ ನೋಡುತ್ತಿದ್ದ. ಆಮೇಲೆ ಒಂದೇ ಮಾತು: ಒಂದನೇದು, ಇಲ್ಲವೆ ಎರಡನೇದು, ಇಲ್ಲವೆ ಕಡೀದು. ಅಷ್ಟಾದ ಮೇಲೆ ರೈತನೂ ತಕರಾರು ಮಾಡುತ್ತಿರಲಿಲ್ಲ, ಸಾಹುಕಾರರೂ ಮಾಡುತ್ತಿರಲಿಲ್ಲ. ದೇವದುರ್ಗದ ಕರಿನೆಲದ ಹತ್ತಿಯೋ, ಮಾನ್ವಿ ಕಡೆಯ ಕಾಲುವೆ ನೀರು ಕುಡಿದ ಹತ್ತಿಯೋ ಎನ್ನುವುದನ್ನು ಕಣ್ಣು ಮುಚ್ಚಿಕೊಂಡೇ ಹೇಳುತ್ತಿದ್ದ. ಇಪ್ಪತ್ತಾರು ಸುಗ್ಗಿ ಹೀಗೇ ನಡೆಯಿತು.

ಆ ಕೈಗೆ ನಂಟರೂ ಇಲ್ಲ, ಇಷ್ಟರೂ ಇಲ್ಲ ಎಂಬುದು ಹನ್ನೊಂದು ವರ್ಷದ ಹಿಂದೆ ಎಲ್ಲರಿಗೂ ಗೊತ್ತಾಯಿತು. ಅವನ ಹೆಂಡತಿ ಶರಣಮ್ಮನ ತಮ್ಮ ಹುಸೇನಪ್ಪ ಮಲ್ಲಟದಿಂದ ಹತ್ತಿ ತಂದಿದ್ದ. ಅಕ್ಕನ ಗಂಡನೇ ನೋಡುವವನು, ಇನ್ನೇನು ಭಯ ಎಂದು ಮೀಸೆ ತಿರುವುತ್ತ ನಿಂತಿದ್ದ. ತಾಯಣ್ಣ ರಾಶಿಯಲ್ಲಿ ಕೈಯಿಟ್ಟ, ತೆಗೆದ, ಇಪ್ಪತ್ತು ಜನರ ಮುಂದೆ ಹೇಳಿದ: "ನೀರು ಹೊಡದೀ. ಕಡೀದು." ತೂಕಕ್ಕಾಗಿ ನೀರು ಚಿಮುಕಿಸುವುದು ಆ ಕಾಲಕ್ಕೆ ಅಂಥ ಅಪರೂಪದ ಪಾಪವೇನಲ್ಲ, ಆದರೆ ಹಾಗೆ ಎಲ್ಲರೆದುರು ಮುಖಕ್ಕೆ ಹೊಡೆದಂತೆ ಹೇಳುವವರು ಇರಲಿಲ್ಲ. ಹುಸೇನಪ್ಪ ಅವತ್ತಿನಿಂದ ಅಕ್ಕನ ಮನೆಯ ಹೊಸ್ತಿಲು ತುಳಿಯಲಿಲ್ಲ. ನಾಗರ ಪಂಚಮಿಗೆ ಅವಳನ್ನು ತವರಿಗೆ ಕರೆಯಲೂ ಬರಲಿಲ್ಲ. ಶರಣಮ್ಮ ನಾಲ್ಕು ದಿನ ಅತ್ತಳು, ಐದನೆಯ ದಿನ ಕೆಲಸಕ್ಕೆ ಹೋದಳು. ಗಂಡನಿಗೆ ಒಂದು ಮಾತೂ ಅನ್ನಲಿಲ್ಲ.

ಅವಳ ಕೆಲಸವೂ ಅದೇ ಫ್ಯಾಕ್ಟರಿಯಲ್ಲಿ. ಮೂವತ್ನಾಲ್ಕು ಹೆಂಗಸರು ನೆಲದ ಮೇಲೆ ಸಾಲಾಗಿ ಕೂತು, ಹತ್ತಿಯೊಳಗಿನ ಎಲೆಚೂರು, ಹಳದಿ ತೊಳೆ, ಗುಟ್ಕಾ ಚೀಟಿ, ಕೂದಲು ಎಲ್ಲ ಆರಿಸಿ ತೆಗೆಯಬೇಕು. ಅರ್ಧ ಜನ ಮಟಮಾರಿಯಿಂದ ಆಟೋದಲ್ಲಿ ಬರುವವರು, ಇನ್ನರ್ಧ ಊರವರೇ. ಸಂಜೆಯ ಹೊತ್ತಿಗೆ ಅವರ ಹುಬ್ಬಿನ ಮೇಲೂ ಹತ್ತಿ ಕೂತು ಎಲ್ಲರೂ ಮುದುಕಿಯರಾಗಿ ಕಾಣುತ್ತಿದ್ದರು, ಅದನ್ನೇ ಆಡಿಕೊಂಡು ನಗುತ್ತಿದ್ದರು.

ಈ ಸಲ ದಸರಾ ಹೋಯಿತು, ದೀಪಾವಳಿ ಹೋಯಿತು, ಜಿನ್ನಿನ ಗಾಲಿ ತಿರುಗಲಿಲ್ಲ. ಹೊರದೇಶದ ಹತ್ತಿಯ ಮೇಲಿದ್ದ ಸುಂಕವನ್ನು ಸರಕಾರ ತೆಗೆದಿತ್ತು. ತಮಿಳುನಾಡಿನ ನೂಲಿನ ಗಿರಣಿಗಳು ಹಡಗಿನಲ್ಲಿ ಬರುವ ಹತ್ತಿಯನ್ನೇ ತುಂಬಿಕೊಂಡು ಕೂತಿದ್ದವು. ದಿಲ್ಲಿಯಲ್ಲಿ ಯಾರೋ ಒಂದು ಕಾಗದಕ್ಕೆ ಸಹಿ ಹಾಕಿದರೆ ಮಟಮಾರಿಯ ಆಟೋ ನಿಂತುಹೋಗುತ್ತದೆ. ಸಹಿ ಹಾಕಿದವರಿಗೆ ಮಟಮಾರಿ ಎಲ್ಲಿದೆಯೆಂದೂ ಗೊತ್ತಿರುವುದಿಲ್ಲ. ಊರ ಹೆಂಗಸರು ಮಾತ್ರ ದಿನಾ ಬಂದು ಗೇಟಿನ ಪಕ್ಕದ ಬೇವಿನ ಗಿಡದ ಕೆಳಗೆ ಕೂತು ಹೋಗುತ್ತಿದ್ದರು.

ಒಂದು ದಿನ ಫ್ಯಾಕ್ಟರಿಯಲ್ಲಿ ತೂಕ ಮಾಡುವ ಪೀರಾ ಸಾಬ್ ಸುದ್ದಿ ತಂದ.

"ನಾಳಿ ನೂಲಿನ ಗಿರಣಿಗೆ ಹತ್ತಿ ಖರೀದಿ ಮಾಡೋ ವಿದ್ಯಾಧೀಶ ಆಚಾರ್ರು ಬರಾಕತ್ತಾರ. ನಾಕು ಪುಡಿಕಿ ಸ್ಯಾಂಪಲ್ ತರತಾರಂತ. ಅದರಾಗ ಒಂದು ಹಡಗಿನ ಹತ್ತಿ. ಯಾವುದು ಚಲೋ ಅಂತ ತಾಯಣ್ಣನ ಕೈಲೆ ನೋಡಸ್ತಾರಂತ."

ಪೀರಾ ಸಾಬ್ ಹೇಳಿದ್ದು ಇಷ್ಟೇ. ಉಳಿದದ್ದನ್ನು ಹೆಂಗಸರೇ ಕೂಡಿಸಿಕೊಂಡರು. ತಾಯಣ್ಣ ನಮ್ಮ ಹತ್ತಿ ಚಲೋ ಅಂದರೆ ಆಚಾರ್ರು ನಮ್ಮದನ್ನೇ ಕೊಳ್ಳುತ್ತಾರೆ, ಜಿನ್ನು ಶುರುವಾಗುತ್ತದೆ. ಹಾಗಂತ ಯಾರೂ ಹೇಳಿರಲಿಲ್ಲ. ಆದರೆ ಸಂಜೆಯೊಳಗೆ ಅದು ಸಾಹುಕಾರರ ಬಾಯಿಂದಲೇ ಬಂದ ಮಾತಾಗಿಬಿಟ್ಟಿತ್ತು, ತಾಯಣ್ಣನೂ ನಂಬಿದ.

ಮರುದಿನ ಬೆಳಿಗ್ಗೆ ಶರಣಮ್ಮ ಅವನ ತಾಟಿಗೆ ರೊಟ್ಟಿ ಹಾಕಿ, ಅಲ್ಲೇ ಕೂತಳು.

"ಒಂದು ಮಾತು ಕೇಳ್ತೀಯೇನು?"

"ಏನು?"

"ನನ್ನ ತಮ್ಮನ ಮುಂದ ಖರೇ ಹೇಳಿದಿ. ತವರುಮನಿ ಹೋತು. ನಾ ಏನರ ಅಂದೀನೇನು?"

ತಾಯಣ್ಣ ರೊಟ್ಟಿ ಮುರಿಯುವುದನ್ನು ನಿಲ್ಲಿಸಿದ.

"ಇವತ್ತು ಒಂದ ಒಂದು ಸುಳ್ಳು ಹೇಳು. ನನಗಲ್ಲ. ಆ ಗಿಡದ ಬುಡಕ ಕುಂತಾರಲ್ಲ, ಅವರಿಗೆ. ಹಡಗಿಂದು ಕಡೀದು ಅಂದುಬಿಡು."

ಅವನು ರೊಟ್ಟಿಯನ್ನು ತಾಟಿನಲ್ಲೇ ಬಿಟ್ಟು ಎದ್ದು, ಕರಿ ಬಟ್ಟೆಯನ್ನು ಮುಂಗೈಗೆ ಸುತ್ತಿಕೊಂಡು ಹೊರಟ.

ಸಾಹುಕಾರರ ಕೋಣೆಯಲ್ಲಿ ವಿದ್ಯಾಧೀಶ ಆಚಾರ್ರು ಮೇಜಿನ ಮೇಲೆ ನಾಲ್ಕು ಪೊಟ್ಟಣ ಬಿಚ್ಚಿಟ್ಟಿದ್ದರು. ವಯಸ್ಸು ಮೂವತ್ತೈದರ ಒಳಗೆ, ಹಣೆಗೆ ಅಕ್ಷತೆ, ಮೆತ್ತಗಿನ ಮಾತು. "ಬರ್ರಿ ತಾಯಣ್ಣಾ, ನಿಮ್ಮ ಕೈ ಬಗ್ಗೆ ಭಾಳ ಕೇಳೀನಿ," ಎಂದು ಎದ್ದು ನಿಂತೇ ಮಾತಾಡಿಸಿದರು. ಖರೀದಿಗೆ ಬಂದವರು ಎದ್ದು ನಿಂತದ್ದು ತಾಯಣ್ಣನ ಜನ್ಮದಲ್ಲಿ ಅದೇ ಮೊದಲು.

ಮೊದಲನೆಯದು ಮಾನ್ವಿ ಕಡೆಯದು. ಎರಡನೆಯದು ದೇವದುರ್ಗದ್ದು, ಗಟ್ಟಿ ಎಳೆ, ಸ್ವಲ್ಪ ಎಲೆಚೂರು. ಮೂರನೆಯದನ್ನು ಬೆರಳಿಗೆ ತೆಗೆದುಕೊಂಡ ಕೂಡಲೇ ಅವನ ಹೆಬ್ಬೆರಳು ತಾನಾಗಿಯೇ ನಿಂತಿತು. ಎಷ್ಟು ಎಳೆದರೂ ತುಂಡಾಗದ ಉದ್ದ. ಒಂದು ಎಳೆಯಂತೆ ಇನ್ನೊಂದು. ಕಸವಿಲ್ಲ, ಕೂದಲಿಲ್ಲ, ಯಾರದೋ ಕೈ ಮುಟ್ಟಿ ಬಿಡಿಸಿದ ಗುರುತೂ ಇಲ್ಲ. ಮುಚ್ಚಿಡುವುದೇನು, ತಾಯಣ್ಣನಿಗೆ ಖುಷಿಯಾಯಿತು. ಇಪ್ಪತ್ತಾರು ವರ್ಷದಲ್ಲಿ ಅಂಥ ಹತ್ತಿ ಅವನ ಕೈಗೆ ಬಂದಿರಲಿಲ್ಲ. ನೋಡಿಯಾಗಿದ್ದರೂ ಬರೀ ಆಸೆಗೆ ಇನ್ನೊಂದು ಚಿಟಿಕೆ ತೆಗೆದು ಎಳೆದ. ಹಡಗಿನದು ಇದೇ, ಇದಕ್ಕೆ ಆರಿಸುವ ಹೆಂಗಸರು ಬೇಕಿಲ್ಲ ಎಂಬುದು ಆಮೇಲೆ ಹೊಳೆಯಿತು.

ಕಿಟಕಿಯಿಂದ ಬೇವಿನ ಗಿಡ ಕಾಣುತ್ತಿತ್ತು. ಎಲ್ಲರೂ ಇತ್ತಲೇ ಮುಖ ಮಾಡಿ ಕೂತಿದ್ದರು.

ನಾಲ್ಕನೆಯದನ್ನು ಸುಮ್ಮನೆ ಮುಟ್ಟಿದಂತೆ ಮಾಡಿ ಅವನು ಹೇಳಿದ: "ಎರಡನೇ ಪುಡಿಕಿ ಒಂದನೇದ್ರಿ. ದೇವದುರ್ಗದ್ದು."

"ಮೂರನೇದು?"

"ಎಳಿ ಗಿಡ್ಡ ಅದ. ಬಲ ಇಲ್ಲ. ಕಡೀದು."

ಸಾಹುಕಾರರು ಕುರ್ಚಿಯಲ್ಲಿ ಮುಂದಕ್ಕೆ ಬಂದರು. ಆಚಾರ್ರು ಅವಸರ ಮಾಡಲಿಲ್ಲ. "ಇನ್ನೊಮ್ಮೆ ನೋಡ್ರಿ, ಗಡಿಬಿಡಿ ಏನಿಲ್ಲ," ಎಂದು ಪೊಟ್ಟಣವನ್ನು ಅವನ ಹತ್ತಿರ ಸರಿಸಿದರು. ತಾಯಣ್ಣ ಮತ್ತೊಮ್ಮೆ ಎಳೆದ. ಕರಿ ಬಟ್ಟೆಯ ಮೇಲೆ ಆ ಉದ್ದನೆಯ ಬಿಳಿ ಎಳೆಗಳು ಮೂವರಿಗೂ ಕಾಣುವಂತೆ ಮಲಗಿದ್ದವು. "ಕಡೀದ್ರಿ," ಎಂದ.

ಆಚಾರ್ರು ಕೈಚೀಲದಿಂದ ಹತ್ತಿ ಪರೀಕ್ಷಿಸುವ ಮಷಿನ್ನಿನ ರಿಪೋರ್ಟು ತೆಗೆದು ಮೇಜಿನ ಮೇಲಿಟ್ಟರು. ನಾಲ್ಕೂ ಪೊಟ್ಟಣಗಳ ಹತ್ತಿಯ ಎಳೆಯ ಉದ್ದ, ಬಲ ಎಲ್ಲ ಅದರಲ್ಲಿ ಮೊದಲೇ ಅಚ್ಚಾಗಿತ್ತು. ಅದನ್ನು ಓದುವುದೇನೂ ಬೇಕಿರಲಿಲ್ಲ.

"ತಾಯಣ್ಣ," ಸಾಹುಕಾರರ ದನಿ ಒಡೆದಿತ್ತು, "ಜಿನ್ನು ಹೋದ ತಿಂಗಳನ ಹೋತೋ. ಪಾರ್ಸಲ್ ಕಂಪನಿಗೆ ಗೋಡೌನ್ ಅಂತ ಕೊಟ್ಟೀನಿ. ಆ ಹೆಣ್ಣುಮಕ್ಕಳಿಗೆ ಹೇಳಾಕ ಬಾಯಿ ಬಂದಿಲ್ಲ. ನಿನಗೊಬ್ಬನಿಗರ ಒಂದು ದಾರಿ ಮಾಡೋಣಂತ ಇವರನ್ನ ಕರಸೀನಿ. ಹಡಗಿನ ಹತ್ತಿ ಜೋಡಿ ಬೆರಸಾಕ ದೇವದುರ್ಗ, ಮಾನ್ವಿ ಕಡೆ ಹತ್ತಿ ಆರಿಸೋ ನಂಬಿಗಸ್ತ ಮನುಷ್ಯಾ ಬೇಕಾಗಿತ್ತು ಇವರಿಗೆ. ನೀನು ಕಣ್ಣು ಮುಚ್ಚಿ ಹೇಳ್ತಿ ಅಂದಿದ್ದೆ."

ತಾಯಣ್ಣ ಕರಿ ಬಟ್ಟೆಯ ಮೇಲಿನ ಎಳೆಗಳನ್ನು ಒರೆಸಿ ತೆಗೆದ.

ಆಚಾರ್ರು ಒಳ್ಳೆಯವರು. ಅವರ ಒಳ್ಳೆಯತನವೇ ಅವನನ್ನು ಮುಗಿಸಿತು. "ವಯಸ್ಸಿಗೆ ಆಗ್ತದ್ರಿ," ಎಂದರು ಅವನ ಮುಖ ನೋಡದೆ. "ಕೈ ಮಂದ ಆಗ್ಯಾವೇನು?"

ಸುಳ್ಳು ಹೇಳಿದೆ ಎಂದರೆ ಇಪ್ಪತ್ತಾರು ವರ್ಷದ ಮಾತು ಹೋಗುತ್ತದೆ. ಕೈ ಮಂದವಾಗಿದೆ ಎಂದರೆ ಕೈ ಹೋಗುತ್ತದೆ. ಎರಡರಲ್ಲಿ ಒಂದನ್ನಾದರೂ ಉಳಿಸಿಕೊಳ್ಳೋಣ ಎಂದು ಬಡಪಾಯಿ ಲೆಕ್ಕ ಹಾಕಿದ.

"ಹೌದ್ರಿ," ಎಂದ. "ಮಂದ ಆಗ್ಯಾವ."

ಅದು ಸುಳ್ಳೆಂದು ಸಾಹುಕಾರರಿಗೆ ಗೊತ್ತಿತ್ತು. ಅವನ ಬೆರಳನ್ನು ಅಷ್ಟು ವರ್ಷ ನೋಡಿದವರಿಗೆ ಗೊತ್ತಾಗದೆ ಇರುತ್ತದೆಯೇ? ಅವರು ಕಿಟಕಿಯ ಆಚೆಗೆ ನೋಡಿದರು, ಬೇವಿನ ಗಿಡ ನೋಡಿದರು.

ಪಾರ್ಸಲ್ ಕಂಪನಿ ಬಂತು. ಕೆಲಸಕ್ಕೆ ಜನ ಕೊಡುವ ಗುತ್ತಿಗೆ ಬೇರೊಂದು ಏಜೆನ್ಸಿಯದು. ಅವರಿಗೆ ಮೊಬೈಲಿನಲ್ಲಿ ಓದಿ ಒತ್ತುವ ಹುಡುಗರು ಸಾಕು. ಊರ ಹೆಂಗಸರೆಲ್ಲ ಮುಸುರೆ ತಿಕ್ಕುವ ಕೆಲಸ ಕೇಳುತ್ತ ಒಂದೇ ವಾರದಲ್ಲಿ ಅವೇ ನಾಲ್ಕಾರು ಓಣಿಗಳಲ್ಲಿ ಅಲೆದರು. ನಿನ್ನೆಯವರೆಗೆ ಕೆಲಸದವಳು ಸಿಗುವುದಿಲ್ಲವೆಂದು ಗೋಳಾಡುತ್ತಿದ್ದ ಮನೆಯವರು ಈಗ ಬಾಗಿಲಲ್ಲೇ ನಿಂತು ಚೌಕಾಸಿ ಮಾಡಿದರು. ಶರಣಮ್ಮನಿಗೆ ಅಹಲ್ಯಾಬಾಯಿ ಎಂಬವರ ಮನೆ ಸಿಕ್ಕಿತು, ಇನ್ನೊಬ್ಬಳು ಅವಳಿಗಿಂತ ಕಡಿಮೆ ಸಂಬಳಕ್ಕೆ ಬರುತ್ತೇನೆ ಅನ್ನುವವರೆಗೆ ಇತ್ತು.

ತಾಯಣ್ಣನ ಕೈ ಮಂದವಾದ ಸುದ್ದಿ ಅವನಿಗಿಂತ ಮೊದಲು ಊರು ಸುತ್ತಿತು. ಮಾರುಕಟ್ಟೆಯಲ್ಲಿ ಯಾರೂ ಅವನ ಮುಂದೆ ಹತ್ತಿ ಹಿಡಿಯಲಿಲ್ಲ. ನಡೆದ ನಿಜವನ್ನು ಅವನು ಹೆಂಡತಿಗೂ ಹೇಳಲಿಲ್ಲ. ಹೇಳಿದರೆ ಆ ಬೆಳಗಿನ ಮಾತಿಗೆ ಅವಳು ಜೀವಮಾನವೆಲ್ಲ ತನ್ನನ್ನೇ ಶಪಿಸಿಕೊಳ್ಳುತ್ತಾಳೆ. ಹೀಗಾಗಿ ಸುಳ್ಳು ಹೇಳಬೇಕಾಗಲೇ ಇಲ್ಲ, ಹಡಗಿನದು ಯಾವುದೆಂದೇ ಕೈಗೆ ತಿಳಿಯಲಿಲ್ಲ ಎಂದ. ಅವಳೂ ಎಲ್ಲರಂತೆ ನಂಬಿದಳು, ಅವನ ಬೆರಳಿಗೆ ದಿನಾ ಬಿಸಿ ಎಣ್ಣೆ ತಿಕ್ಕತೊಡಗಿದಳು.

ಸಂಕ್ರಮಣ ಮುಗಿದ ಮೇಲೆ ಒಂದು ಮಧ್ಯಾಹ್ನ ಬಾಗಿಲಲ್ಲಿ ಹುಸೇನಪ್ಪ ನಿಂತಿದ್ದ. ಹನ್ನೊಂದು ವರ್ಷದ ಮೇಲೆ. ಕೈಯಲ್ಲಿ ಅಕ್ಕನಿಗೊಂದು ಸೀರೆ. ಶರಣಮ್ಮ ಒಂದು ಕಣ್ಣಲ್ಲಿ ಅಳುತ್ತ, ಒಂದು ಕಣ್ಣಲ್ಲಿ ನಗುತ್ತ ಚಹಾಕ್ಕಿಟ್ಟಳು. ಅವನು ಚಾಪೆಯ ಮೇಲೆ ಕೂತು, ಕೆಮ್ಮಿ, ಕೊನೆಗೆ ಬಂದ ವಿಷಯ ತೆಗೆದ.

"ಮಾವಾ, ನಿನ್ನ ಕೈ ಸುದ್ದಿ ಕೇಳಿದೆ. ಹೋಗ್ಲಿ ಬಿಡು, ಸಿಟ್ಟಿಲ್ಲ ನನಗ. ಅವಾಗಿಂದನ ಶುರು ಆಗಿತ್ತೋ ಏನೋ, ನಿನಗೂ ತಿಳಿದಿಲ್ಲ. ನನ್ನ ಹತ್ತಿ ಒಣಗೇ ಇತ್ತು ಅಲ್ಲೇನು?"

ಶರಣಮ್ಮ ಲೋಟ ಹಿಡಿದುಕೊಂಡು ಬಂದವಳು ಅಲ್ಲೇ ನಿಂತು ಗಂಡನ ಮುಖ ನೋಡಿದಳು. ಹೌದು ಅನ್ನು ಎಂದು ಅವಳ ಕಣ್ಣುಗಳು ಬೇಡುತ್ತಿದ್ದವು.

ಆ ಹತ್ತಿ ಹಸಿಯಾಗಿತ್ತು. ರಾಶಿಯ ಮೇಲ್ಪದರವನ್ನಷ್ಟೇ ಒಣಗಿಸಿ ಹುಸೇನಪ್ಪ ಒಳಗೆ ನೀರು ಬಿಟ್ಟಿದ್ದ. ಅದರ ತಂಪು ತಾಯಣ್ಣನ ಬೆರಳಿಗೆ ಇವತ್ತಿಗೂ ನೆನಪಿತ್ತು.

"ಒಣಗೇ ಇತ್ತಪ್ಪ," ಎಂದ ಅವನು. "ನನ್ನದ ತಪ್ಪು."

ಹುಸೇನಪ್ಪ ಚಹಾ ಕುಡಿದ. ಶರಣಮ್ಮ ತಮ್ಮನಿಗೆ ಇನ್ನೊಂದು ಲೋಟ ತರಲು ಒಳಗೆ ಹೋದಳು.